ವೇಷ, ಪರದೆ, ಕ್ಯಾಮೆರಾ: ಪುಷ್ಪಮಾಲಾ ಎನ್. ಅವರ ಪ್ರಯೋಗಗಳು

ಅರೆಕೆರೆಯಿಂದ ಬನಶಂಕರಿವರೆಗಿನ ದಕ್ಷಿಣ ಬೆಂಗಳೂರಿನ ಕಲಾಚರಿತ್ರೆಯನ್ನು ಬರೆಯುವವರು ಸಿನಿಮಾಕ್ಕೆಂದು ಸುಚಿತ್ರಾ ಫಿಲ್ಮ್ ಸೊಸೈಟಿಯತ್ತ (1971), ನಾಟಕಕ್ಕೆಂದು ಜೆ.ಪಿ. ನಗರದ ರಂಗಶಂಕರದತ್ತ (2004) ಹೋಗುತ್ತಾರೆ. ಇದೇ ಊರಿನ ಕಲಾವಿದೆ ಪುಷ್ಪಮಾಲಾ ಎನ್. ಈ ಎರಡೂ ದಾರಿಯಲ್ಲಿ ಸಿಗುವುದಿಲ್ಲ. ಅವರ ಕಿರುಚಿತ್ರಗಳು ಹೆಚ್ಚಾಗಿ ಗ್ಯಾಲರಿಗಳಲ್ಲಿ ತೆರೆಕಂಡವು; ಹಾಗಾಗಿ ಚಿತ್ರಕಲಾ ವಿಮರ್ಶಕರ ಪಾಲಾದವು. ಆದರೆ ಅವುಗಳ ಬೇರು ಇರುವುದು ಜನಪ್ರಿಯ ಸಿನಿಮಾ ಮತ್ತು ಫೋಟೋ ಸ್ಟುಡಿಯೋಗಳಲ್ಲಿ.

1956ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಅವರು ಬರೋಡಾದಲ್ಲಿ ಶಿಲ್ಪಕಲೆ ಕಲಿತರು. ತೊಂಬತ್ತರ ದಶಕದ ನಡುವಿನ ಹೊತ್ತಿಗೆ ಮಣ್ಣು, ಕಾಗದಗಳನ್ನು ಬದಿಗಿಟ್ಟು ತಾವೇ ವೇಷ ಹಾಕಿ ಕ್ಯಾಮೆರಾದ ಮುಂದೆ ನಿಂತರು. ‘ಫ್ಯಾಂಟಮ್ ಲೇಡಿ ಆರ್ ಕಿಸ್ಮತ್’ (1996–98) ಮುಂಬಯಿಯಲ್ಲಿ ತೆಗೆದ ಫೋಟೋ ಕಥನ. ಮುಸುಕು ತೊಟ್ಟ ಅದರ ನಾಯಕಿಯಲ್ಲಿ 1935ರ ‘ಹಂಟರ್‌ವಾಲಿ’ ಸಿನಿಮಾದ ನಾಯಕಿ ನಾದಿಯಾ ಕಾಣುತ್ತಾಳೆ.

ಬ್ರಿಟಿಷ್ ಮೂಲದ, ಬೆಂಗಳೂರಿನಲ್ಲಿ ನೆಲೆಸಿದ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜತೆಗೂಡಿ ಮಾಡಿದ ‘ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ’ (2000–04) ಸರಣಿಯಲ್ಲಿ ಈ ದಾರಿ ಗಟ್ಟಿಯಾಯಿತು. ರವಿವರ್ಮನ ಲಕ್ಷ್ಮಿ, ಬಿಜಾಪುರದ ಚಿತ್ರದ ಯೋಗಿನಿ, ಸಿನಿಮಾದ ನಾಯಕಿ, ಎಲ್ಲರೂ ಪುಷ್ಪಮಾಲಾ ಅವರೇ. ಒಂದು ಫೋಟೋದಲ್ಲಿ ಅವರು ಚೌಕುಳಿ ಹಿನ್ನೆಲೆಯ ಮುಂದೆ ನಿಂತಿದ್ದಾರೆ, ದೇಹವನ್ನು ಅಳೆಯಲಾಗುತ್ತಿದೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಅಂಡಮಾನಿನ ಜನರನ್ನು ಪೋರ್ಟ್‌ಮನ್ ಎಂಬ ಅಧಿಕಾರಿ ಹೀಗೇ ನಿಲ್ಲಿಸಿ ಫೋಟೋ ತೆಗೆಯುತ್ತಿದ್ದ. ಎರಡಂಗುಲದ ಚೌಕಗಳ ಈ ಪದ್ಧತಿಯನ್ನು ಲ್ಯಾಂಪ್ರಿ ಎಂಬಾತ 1869ರಲ್ಲಿ ಪ್ರಕಟಿಸಿದ್ದ. ಅಳೆಯುವ ಕೈ, ಅಳತೆಗೆ ಒಡ್ಡಿದ ಮೈ ಎರಡನ್ನೂ ನಟನೆಯೆಂದು ತೋರಿಸಿಕೊಡುವುದೇ ಇಲ್ಲಿನ ಜಾಣತನ. ಪರದೆ ಪರದೆಯೆಂದೇ ಗೊತ್ತಾಗುತ್ತದೆ, ಮೇಕಪ್ ಮೇಕಪ್ಪೆಂದೇ. ಕಂಪನಿ ನಾಟಕ ನೋಡಿದ ಕಣ್ಣಿಗೆ ಇದೇನೂ ಹೊಸತಲ್ಲ. ವಿದೇಶೀ ಕಲಾವಿದರ ಹೆಸರು ಹಿಡಿದು ಇದನ್ನು ವಿವರಿಸುವ ಅಭ್ಯಾಸ ನನಗೆ ಅರ್ಧವೇ ಒಪ್ಪಿಗೆ.

ಸ್ಥಿರಚಿತ್ರದಿಂದ ಚಲನಚಿತ್ರಕ್ಕೆ ಅವರು ಹಾರಲಿಲ್ಲ, ಜಾರಿದರು. ‘ಪ್ಯಾರಿಸ್ ಆಟಮ್’ (2006) ಕಪ್ಪು-ಬಿಳುಪು ಸ್ಥಿರಚಿತ್ರಗಳನ್ನೇ ಪೋಣಿಸಿದ ರಹಸ್ಯಕಥೆ. ಫ್ರಾನ್ಸಿನ ದೊರೆ ನಾಲ್ಕನೇ ಹೆನ್ರಿಯ ಪ್ರೇಯಸಿ, 1599ರಲ್ಲಿ ತೀರಿಕೊಂಡ ಗೇಬ್ರಿಯೆಲ್ ದೆಸ್ತ್ರೆಯ ಸುತ್ತ ಹೆಣೆದದ್ದು. ಅದಕ್ಕಿಂತ ನನಗೆ ಮುಖ್ಯವೆನಿಸುವುದು 2004ರ ‘ರಾಷ್ಟ್ರೀಯ ಖೀರ್ ಮತ್ತು ದೇಸೀಯ ಕಾರ್ಯಕ್ರಮ್’. ಮಾತಿಲ್ಲದ ಈ ಕಿರುಚಿತ್ರದಲ್ಲಿ ಒಂದು ಕುಟುಂಬ ಕಪ್ಪು ಹಲಗೆಯ ಮೇಲೆ ಬರೆಯುತ್ತದೆ. ರಾಷ್ಟ್ರ ಕಟ್ಟುವ ಕಾಲದ ಆದರ್ಶ ಸಂಸಾರ ಅದು. ತಾಯಿಯ ಪಾತ್ರ ಪುಷ್ಪಮಾಲಾ ಅವರದು; ಅವಳ ಪಾಲಿಗೆ ಬಂದದ್ದು ಅಡುಗೆಯ ವಿಧಾನಗಳು. ಪಾಠದ ಗಾಂಭೀರ್ಯದಲ್ಲಿ ಖೀರು ಬರೆಸಿದಾಗ ನಗು ಬರುತ್ತದೆ, ಜತೆಗೆ ಯಾರ ಜ್ಞಾನ ಹಲಗೆಗೆ ಏರುತ್ತದೆ ಎಂಬ ಪ್ರಶ್ನೆಯೂ.

ವೇಷ ತೊಡುವುದನ್ನು ಅವರು ಮುಂದೆಯೂ ಬಿಡಲಿಲ್ಲ. 2014ರ ಕೊಚ್ಚಿ ಬಿನಾಲೆಯಲ್ಲಿ ವಾಸ್ಕೋ ಡ ಗಾಮನಾದರು: ಪೋರ್ಚುಗೀಸ್ ಕಲಾವಿದ ಸಲ್ಗಾದೊ 1898ರಲ್ಲಿ ಬರೆದ ಚಿತ್ರದ ಮರುನಟನೆ ಅದು.

ಅಡುಗೆ ಮತ್ತೆ ಬಂದದ್ದು ‘ಗೌರಿ ಲಂಕೇಶ್ಸ್ ಅರ್ಜೆಂಟ್ ಸಾರು’ ಪ್ರದರ್ಶನದಲ್ಲಿ (2018). ಪತ್ರಕರ್ತೆ ಗೌರಿ ಲಂಕೇಶ್ ಹಂಚಿಕೊಂಡಿದ್ದ ದಿಢೀರ್ ಸಾರಿನ ವಿಧಾನವನ್ನು ಜನರೆದುರೇ ಮಾಡಿ ತೋರಿಸುವ ಕೃತಿ ಇದು. ಗೌರಿಯವರ ಹತ್ಯೆಯಾದದ್ದು 2017ರ ಸೆಪ್ಟೆಂಬರ್ 5ರಂದು. ಇದನ್ನು ಬರೀ ಶ್ರದ್ಧಾಂಜಲಿ ಎಂದು ಓದಿದರೆ ಸಾಲದು. 2004ರ ಹಲಗೆಯ ಪಕ್ಕದಲ್ಲಿಟ್ಟು ನೋಡಬೇಕು. ಅಲ್ಲಿ ಅಡುಗೆ ಬರೆದವಳು ಹೆಸರಿಲ್ಲದ ಆದರ್ಶ ತಾಯಿ. ಇಲ್ಲಿ ಬರೆದವರು ತಮ್ಮದೇ ಪತ್ರಿಕೆ ನಡೆಸುತ್ತಿದ್ದ, ಅಡುಗೆಗೆ ಪುರುಸೊತ್ತಿಲ್ಲದ ಸಂಪಾದಕಿ.