ಪೀಟ್ ಪಾಸಲ್‌ಥ್ವೇಟ್

ಪೀಟ್ ಪಾಸಲ್‌ಥ್ವೇಟ್ (7 ಫೆಬ್ರವರಿ 1946 – 2 ಜನವರಿ 2011): ಇಂಗ್ಲೆಂಡಿನ ರಂಗಭೂಮಿ, ಕಿರುತೆರೆ ಹಾಗೂ ಚಲನಚಿತ್ರಗಳ ಹೆಸರಾಂತ ಪೋಷಕ ನಟ. ವಾರಿಂಗ್ಟನ್ ಪಟ್ಟಣದ ಕಾರ್ಮಿಕ ಕುಟುಂಬದಲ್ಲಿ ಜನಿಸಿದ. ಕೆಲಕಾಲ ಶಿಕ್ಷಕನಾಗಿದ್ದು, ಅನಂತರ ಬ್ರಿಸ್ಟಲ್ ಓಲ್ಡ್ ವಿಕ್ ನಾಟಕಶಾಲೆಯಲ್ಲಿ ತರಬೇತಿ ಪಡೆದ. 1970ರ ದಶಕದಲ್ಲಿ ಲಿವರ್‌ಪೂಲ್‌ನ ಎವ್ರಿಮನ್ ರಂಗತಂಡದಲ್ಲಿ ಬಿಲ್ ನೈ, ಜೂಲಿ ವಾಲ್ಟರ್ಸ್ ಮೊದಲಾದವರೊಂದಿಗೆ ದುಡಿದ.

ಟೆರೆನ್ಸ್ ಡೇವಿಸ್ ನಿರ್ದೇಶಿಸಿದ ಡಿಸ್ಟೆಂಟ್ ವಾಯ್ಸಸ್, ಸ್ಟಿಲ್ ಲೈವ್ಸ್ (1988) ಚಿತ್ರದಲ್ಲಿ ಮನೆಮಂದಿಯನ್ನೆಲ್ಲ ನಡುಗಿಸುವ ತಂದೆಯ ಪಾತ್ರ ಇವನಿಗೆ ಖ್ಯಾತಿ ತಂದಿತು. ಇನ್ ದ ನೇಮ್ ಆಫ್ ದ ಫಾದರ್ (1993) ಚಿತ್ರದಲ್ಲಿ ಇದಕ್ಕೆ ತೀರ ಭಿನ್ನನಾದ ತಂದೆಯನ್ನು ಚಿತ್ರಿಸಿದ. ನಿರಪರಾಧಿಯಾಗಿದ್ದೂ ಸೆರೆವಾಸದ ಅವಧಿಯಲ್ಲೇ ಪ್ರಾಣಬಿಟ್ಟ ಜುಸೆಪ್ಪೆ ಕಾನ್ಲನ್‌ನ ತಾಳ್ಮೆ, ಆತ್ಮಗೌರವಗಳನ್ನು ಮೆಲುದನಿಯಲ್ಲೇ ಮೂಡಿಸಿದ ಈ ಅಭಿನಯ ಶ್ರೇಷ್ಠ ಪೋಷಕ ನಟ ವಿಭಾಗದಲ್ಲಿ ಆಸ್ಕರ್ ನಾಮನಿರ್ದೇಶನ ಪಡೆಯಿತು.

ಕಿರುತೆರೆಯಲ್ಲಿ ಶಾರ್ಪ್ ಸರಣಿಯ ಕ್ರೂರ ಸಾರ್ಜೆಂಟ್ ಹೇಕ್ಸ್‌ವಿಲ್ ಇವನ ಮರೆಯಲಾಗದ ಖಳಪಾತ್ರ. ಡಿಕನ್ಸ್‌ನ ಕಾದಂಬರಿಯನ್ನು ಆಧರಿಸಿದ ಮಾರ್ಟಿನ್ ಚಜಲ್‌ವಿಟ್ (1994) ಧಾರಾವಾಹಿಯಲ್ಲೂ ನಟಿಸಿದ. ದ ಯೂಶುಯಲ್ ಸಸ್ಪೆಕ್ಟ್ಸ್‌ನ (1995) ನಿಗೂಢ ವಕೀಲ ಕೊಬಯಾಶಿ, ಬ್ರಾಸ್ಡ್ ಆಫ್‌ನಲ್ಲಿ (1996) ಗಣಿ ಕಾರ್ಮಿಕರ ವಾದ್ಯವೃಂದವನ್ನು ಮುನ್ನಡೆಸುವ ಡ್ಯಾನಿ ಇತರ ಪ್ರಮುಖ ಪಾತ್ರಗಳು. ಸ್ಟೀವನ್ ಸ್ಪೀಲ್‌ಬರ್ಗ್ 1997ರಲ್ಲಿ ತೆರೆಕಂಡ ತನ್ನ ಎರಡು ಚಿತ್ರಗಳಲ್ಲೂ ಇವನಿಗೆ ಪಾತ್ರ ನೀಡಿದ.

2004ರಲ್ಲಿ ಒ.ಬಿ.ಇ. ಗೌರವ ಸಂದಿತು. 2008ರಲ್ಲಿ ಎವ್ರಿಮನ್‌ಗೆ ಮರಳಿ ಲಿಯರ್ ದೊರೆಯಾಗಿ ಅಭಿನಯಿಸಿದ. ಹವಾಮಾನ ಬದಲಾವಣೆಯ ಅಪಾಯ ಕುರಿತ ದ ಏಜ್ ಆಫ್ ಸ್ಟುಪಿಡ್ (2009) ಚಿತ್ರದಲ್ಲಿ ಕಾಣಿಸಿಕೊಂಡ. ಕ್ಯಾನ್ಸರ್‌ನಿಂದ ಬಳಲುತ್ತಿದ್ದ ಕೊನೆಯ ದಿನಗಳಲ್ಲೂ ನಟನೆಯನ್ನು ಬಿಡಲಿಲ್ಲ. ದ ಟೌನ್ (2010) ಚಿತ್ರದ ಅಭಿನಯಕ್ಕೆ ಮರಣಾನಂತರ ಬಾಫ್ಟಾ ನಾಮನಿರ್ದೇಶನ ದೊರೆಯಿತು.