ಒಬ್ಬನೇ ಕಂಡ ಮೀನು

1932ನೆಯ ಇಸವಿ ಸೆಪ್ಟೆಂಬರ್ 22ರಂದು ಅಮೆರಿಕದಲ್ಲಿ ರೇಡಿಯೋದ ಮುಂದೆ ಕುಳಿತವರಿಗೆ ಅಪೂರ್ವವಾದ ಅನುಭವವೊಂದು ದೊರೆಯಿತು. ಅಟ್ಲಾಂಟಿಕ್ ಸಾಗರದ ಬರ್ಮುಡಾ ದ್ವೀಪಗಳ ಬಳಿ, ನೀರಿನ ಆಳದಲ್ಲಿ, ಉಕ್ಕಿನ ಗೋಳವೊಂದರೊಳಗೆ ಮುದುರಿ ಕುಳಿತಿದ್ದ ಮನುಷ್ಯನೊಬ್ಬ ತಾನು ಕಾಣುತ್ತಿರುವುದನ್ನು ದೂರವಾಣಿಯ ತಂತಿಯ ಮೂಲಕ ಹೇಳುತ್ತಿದ್ದ. ಆ ಮಾತು ಅವರ ಮನೆಯ ಪಡಸಾಲೆಗಳಲ್ಲಿ ಕೇಳಿಸುತ್ತಿತ್ತು. ಕಣ್ಣಿಗೆ ಕಾಣದುದನ್ನು ಕಿವಿಯಿಂದ ನಂಬುವುದು ರೇಡಿಯೋ ಕೇಳುವ ನಮಗೆಲ್ಲ ರೂಢಿಯಾದ ಸಂಗತಿ. ವಿಜ್ಞಾನಕ್ಕೆ ಆ ರೂಢಿಯಿಲ್ಲ. ಈ ತೊಡಕಿನಿಂದ ಹುಟ್ಟಿದ ಒಂದು ಮೀನಿನ ಕಥೆಯನ್ನು ಇಂದು ಹೇಳಬೇಕೆಂದಿದ್ದೇನೆ.

ಆ ಮನುಷ್ಯನ ಹೆಸರು ವಿಲಿಯಂ ಬೀಬ್. 1877ರಲ್ಲಿ ಹುಟ್ಟಿದ ಈತ ಮೊದಲು ಪಕ್ಷಿಶಾಸ್ತ್ರಜ್ಞ. ಫೆಸೆಂಟ್ ಜಾತಿಯ ಹಕ್ಕಿಗಳನ್ನು ಅರಸಿ ಹಿಮಾಲಯದ ಕಾಡುಗಳವರೆಗೂ ಅಲೆದು, ನಾಲ್ಕು ಸಂಪುಟಗಳ ಗ್ರಂಥವನ್ನು ಬರೆದವ. ಕಡಲು ಅವನನ್ನು ಸೆಳೆದದ್ದು ಅನಂತರ. ಬಲೆ ಬೀಸಿ ಆಳದ ಜೀವಿಗಳನ್ನು ಮೇಲೆತ್ತಿದರೆ ಬರುತ್ತಿದ್ದುದು ಹರಿದ, ಜಜ್ಜಿಹೋದ, ಬೆಳಕಾರಿದ ಕಳೇಬರಗಳು. ಚುರುಕಾದ ದೊಡ್ಡ ಮೀನುಗಳಂತೂ ಬಲೆಗೆ ಸಿಕ್ಕುತ್ತಲೇ ಇರಲಿಲ್ಲ. ಅವುಗಳ ಮನೆಗೇ ಹೋಗಿ ನೋಡಬೇಕೆಂಬ ಹಂಬಲ ಬೀಬನದು. ಓಟಿಸ್ ಬಾರ್ಟನ್ ಎಂಬ ಶ್ರೀಮಂತ ತರುಣ ಅದಕ್ಕೊಂದು ಯಂತ್ರವನ್ನು ಕಲ್ಪಿಸಿ, ತನ್ನ ಹಣದಿಂದಲೇ ಮಾಡಿಸಿಕೊಟ್ಟ. ಅದೇ ಬಾಥಿಸ್ಫಿಯರ್. ಒಳಗಿನ ಅಗಲ ನಾಲ್ಕೂವರೆ ಅಡಿ; ಇಬ್ಬರು ಕಾಲು ಮಡಚಿ ಕುಳಿತರೆ ಮೂರನೆಯವನಿಗೆ ಜಾಗವಿಲ್ಲ. ಮೂರು ಅಂಗುಲ ದಪ್ಪದ ಸ್ಫಟಿಕದ ಕಿಟಕಿಗಳು, ಉಸಿರಿಗೆ ಆಮ್ಲಜನಕದ ಸಿಲಿಂಡರುಗಳು. ಇಷ್ಟೆಲ್ಲ ಯಂತ್ರಕೌಶಲದ ನಡುವೆ ಒಳಗಿನ ಗಾಳಿಯನ್ನು ಆಡಿಸಲು ಅವರು ಒಯ್ದಿದ್ದುದು ತಾಳೆಗರಿಯ ಬೀಸಣಿಗೆ! ಹಡಗಿನಿಂದ ಇಳಿಬಿಟ್ಟ ಒಂದೇ ಒಂದು ಉಕ್ಕಿನ ಹಗ್ಗ ಅವರ ಪ್ರಾಣವನ್ನು ಹಿಡಿದಿತ್ತು. ಮೇಲೆ ಗ್ಲೋರಿಯಾ ಹಾಲಿಸ್ಟರ್ ಎಂಬ ಸಹಾಯಕಿ ಕಿವಿಗೆ ದೂರವಾಣಿಯನ್ನು ಹಚ್ಚಿಕೊಂಡು ಕೆಳಗಿನ ಮಾತನ್ನೆಲ್ಲ ಬರೆದುಕೊಳ್ಳುತ್ತಿದ್ದಳು.

ನಮ್ಮ ಪುರಾಣಗಳು ಕಡಲೊಳಗೆ ಉರಿಯುವ ಬೆಂಕಿಯನ್ನು ಬಡಬಾಗ್ನಿ ಎಂದು ಕರೆದವು. ಕರಾವಳಿಯಲ್ಲಿ ಕೆಲವು ರಾತ್ರಿಗಳಲ್ಲಿ ಅಲೆಯ ಅಂಚು ನೀಲಿಯಾಗಿ ಹೊತ್ತಿಕೊಳ್ಳುವುದನ್ನು ಕಂಡವರಿಗೆ ಆ ಕಲ್ಪನೆ ವಿಚಿತ್ರವೆನಿಸಲಾರದು. ಆದರೆ ಅಲ್ಲಿ ಹೊಳೆಯುವುವು ಬರಿಗಣ್ಣಿಗೆ ಬಿಂದುವಿನಷ್ಟೇ ಆಗಿ ತೋರುವ ಜೀವಾಣುಗಳು. ಬೀಬ್ ಕಂಡೆನೆಂದುದು ಬೇರೆ. ಅದೇ 1932ರಲ್ಲಿ, ಸುಮಾರು 2,100 ಅಡಿ ಆಳದಲ್ಲಿ, ಕಿಟಕಿಯಿಂದ ಕೆಲವೇ ಅಡಿಗಳಾಚೆ ಎರಡು ಮೀನುಗಳು ನಿಧಾನವಾಗಿ ಹಾದುಹೋದವು. ಒಂದೊಂದೂ ಆರು ಅಡಿಗೆ ಕಡಮೆಯಿಲ್ಲ. ಪಕ್ಕೆಯುದ್ದಕ್ಕೂ ತಿಳಿನೀಲಿ ದೀಪಗಳ ಸಾಲು; ದೊಡ್ಡ ಕಣ್ಣು; ಮಂದವಾಗಿ ಬೆಳಗುವ ಕೋರೆಹಲ್ಲುಗಳು; ಹೊಟ್ಟೆಯ ಕೆಳಗೆ ಜೋಲುವ ಎರಡು ಎಳೆಗಳು, ಒಂದೊಂದರ ತುದಿಯಲ್ಲೂ ಮೇಲೊಂದು ಕೆಂಪು, ಕೆಳಗೊಂದು ನೀಲಿ ಬೆಳಕು. ಬೀಬ್ ಅದಕ್ಕೆ ವಿಧಿವತ್ತಾಗಿ ಲ್ಯಾಟಿನ್ ಹೆಸರನ್ನೇ ಇಟ್ಟ: ಬಾಥಿಸ್ಫೇರಾ ಇಂಟಾಕ್ಟಾ. ಇಂಟಾಕ್ಟಾ ಎಂದರೆ ಮುಟ್ಟದುದು, ಯಾರ ಕೈಗೂ ಸೋಕದುದು. ತನ್ನ ಸಾಕ್ಷ್ಯದ ದೌರ್ಬಲ್ಯವನ್ನು ಹೆಸರಿನಲ್ಲೇ ಒಪ್ಪಿಕೊಂಡ ಇಂಥ ನಾಮಕರಣ ಪ್ರಾಣಿಶಾಸ್ತ್ರದಲ್ಲಿ ವಿರಳ. 1934ರ ಆಗಸ್ಟ್ 15ರಂದು ಅವರು 3,028 ಅಡಿಯವರೆಗೂ ಇಳಿದರು. ಆ ವರ್ಷ ಇನ್ನೂ ಮೂರು ಮೀನುಗಳಿಗೆ ಬೀಬ್ ಹೀಗೆಯೇ ಹೆಸರಿಟ್ಟ.

ಮತ್ಸ್ಯಶಾಸ್ತ್ರದ ಪಂಡಿತರು ಹುಬ್ಬುಗಂಟಿಕ್ಕಿದುದು ಸಹಜ. ಹೊಸ ಪ್ರಭೇದವೆಂದರೆ ಶೀಸೆಯಲ್ಲಿ ಒಂದು ದೇಹ ಬೇಕು. ಬೇರೊಬ್ಬರು ಬಂದು ಹಲ್ಲನ್ನೆಣಿಸಿ, ರೆಕ್ಕೆಯನ್ನಳೆದು, ಹೌದೆನ್ನಬೇಕು. ಕಾರ್ಲ್ ಹಬ್ಸ್ ಎಂಬ ತಜ್ಞ 1935ರಲ್ಲಿ ಬೀಬನ ಪುಸ್ತಕವನ್ನು ವಿಮರ್ಶಿಸುತ್ತ, ಐದು ಬೆಳಕಿನ ಗೆರೆಗಳ ಇನ್ನೊಂದು ಮೀನಿನ ವಿಷಯವಾಗಿ ಒಂದು ಸಂದೇಹವನ್ನೆತ್ತಿದ. ಅದು ಹೊಳೆಯುವ ಲೋಳೆಮೀನಿನಂಥ ಯಾವುದೋ ಜೀವಿಯಾಗಿದ್ದು, ಕಿಟಕಿಗೆ ಮುಖವೊತ್ತಿ ಕುಳಿತವನ ಉಸಿರಿನ ಮಂಜು ಅದಕ್ಕೆ ಪ್ರಭಾವಲಯವನ್ನು ಕಟ್ಟಿರಬಾರದೇಕೆ, ಎಂದು. ಮಾತು ಹರಿತವಾಗಿದೆ, ಕೊಂಚ ಕ್ರೂರವೂ ಹೌದು. ಮೂವತ್ತು ವರ್ಷಗಳ ಕಾಲ ಕಣ್ಣನ್ನೇ ಬಂಡವಾಳ ಮಾಡಿಕೊಂಡು ಬಾಳಿದವನಿಗೆ, ನಿನ್ನ ಕಣ್ಣಿಗೆ ನಿನ್ನ ಉಸಿರೇ ಅಡ್ಡ ಬಂದಿತೆಂದು ಹೇಳಿದಂತಾಯಿತು.

ಯಾರ ಪಕ್ಷ ಹಿಡಿಯೋಣ? ಬೀಬ್ ಸುಳ್ಳು ಹೇಳಿದನೆಂದು ನನಗೆ ತೋರುವುದಿಲ್ಲ. ಸುಳ್ಳುಗಾರನಾಗಿದ್ದರೆ ಇನ್ನಷ್ಟು ಭಯಂಕರವಾದ ಪ್ರಾಣಿಯನ್ನು ಸೃಷ್ಟಿಸಬಹುದಾಗಿತ್ತು. ಅವನ ಮೀನು ಮೈಮೇಲೆ ಬೆಳಕುಳ್ಳ, ನಿಜವಾಗಿಯೂ ಇರುವ ಆಳಗಡಲ ಮೀನುಗಳ ಹತ್ತಿರದ ಬಂಧುವಿನಂತೆಯೇ ಇದೆ. ಆದರೆ ಕಗ್ಗತ್ತಲಲ್ಲಿ ಅಳತೆಗೆ ಆಧಾರವಿಲ್ಲ. ಹತ್ತಿರದ ಚಿಕ್ಕದು ದೂರದ ದೊಡ್ಡದಾಗಿ ಕಾಣಬಲ್ಲದು. ಚುಕ್ಕೆಗಳ ನಡುವೆ ಇಲ್ಲದ ಗೆರೆಗಳನ್ನೆಳೆದು ಸಪ್ತರ್ಷಿಮಂಡಲವನ್ನು ಕಂಡವರು ನಾವೇ ಅಲ್ಲವೆ? ಹತ್ತಾರು ಬೆಳಕಿನ ಹನಿಗಳು ಒಂದರ ಹಿಂದೊಂದು ಸಾಗಿದರೆ ಮನಸ್ಸು ಅವಕ್ಕೊಂದು ಮೈಯನ್ನು ತೊಡಿಸದೆ ಬಿಡದು.

ಆದರೂ ತೀರ್ಪನ್ನು ಬರೆದು ಮುಗಿಸುವಂತಿಲ್ಲ. 1976ರಲ್ಲಿ ಹವಾಯಿಯ ಬಳಿ ಅಮೆರಿಕದ ನೌಕಾಪಡೆಯ ಹಡಗೊಂದರ ಕಡಲ ಲಂಗರಿಗೆ ಸಿಕ್ಕಿಕೊಂಡು ಮೇಲೆ ಬಂದುದು ಸುಮಾರು ನಾಲ್ಕೂವರೆ ಮೀಟರ್ ಉದ್ದದ ಒಂದು ಶಾರ್ಕ್. ಅಂಥ ಜಾತಿಯೊಂದಿದೆಯೆಂದು ಅಲ್ಲಿಯವರೆಗೆ ವಿಜ್ಞಾನಕ್ಕೆ ಗೊತ್ತೇ ಇರಲಿಲ್ಲ. ಕ್ಯಾಲಿಫೋರ್ನಿಯದ ಕಡಲಿನಲ್ಲಿ ಹದಿನೇಳು ವರ್ಷಗಳ ಕಾಲ ಕ್ಯಾಮೆರಾ ಇಳಿಸಿ ನೋಡಿದವರು 2017ರಲ್ಲಿ ಪ್ರಕಟಿಸಿದ ಲೆಕ್ಕದಂತೆ, ನೀರಿನಲ್ಲಿ ಕಂಡ ಪ್ರಾಣಿಗಳಲ್ಲಿ ನೂರಕ್ಕೆ 76ರಷ್ಟು ಬೆಳಕು ಸೂಸಬಲ್ಲವು. ಹಾಗಾದರೆ ಅಲ್ಲಿ ಬೆಳಗುವುದೇ ನಿಯಮ, ಬೆಳಗದಿರುವುದು ಅಪವಾದ.

ಈ ಬೆಳಕಿನ ಭಾಷೆಯನ್ನು ಕಲಿತು ಮಾತಾಡಿಸಿದವರು ಎಡಿತ್ ವಿಡ್ಡರ್. ಪ್ರಖರವಾದ ದೀಪದೊಡನೆ ಹೋದರೆ ಪ್ರಾಣಿಗಳು ಓಡಿಹೋಗುತ್ತವೆಂಬುದನ್ನು ಅರಿತ ಅವರು, ಆಳದ ಬಹುಪಾಲು ಜೀವಿಗಳಿಗೆ ಕಾಣದ ಕಡುಗೆಂಪು ಬೆಳಕಿನಲ್ಲಿ ನೋಡುವ ಕ್ಯಾಮೆರಾವನ್ನು ಇಳಿಸಿದರು. ಅದರ ಮುಂದೆ ಗಾಳದಂತೆ ಒಂದು ಕೃತಕ ಲೋಳೆಮೀನು. ನಿಜವಾದ ಅಟೋಲ ಲೋಳೆಮೀನು ಶತ್ರುವಿನ ಬಾಯಿಗೆ ಸಿಕ್ಕಾಗ ಚಕ್ರದಂತೆ ನೀಲಿ ಬೆಳಕನ್ನು ಸುತ್ತಿಸುತ್ತದೆ. ಶತ್ರುವನ್ನು ತಿನ್ನಬಲ್ಲ ಇನ್ನೂ ದೊಡ್ಡದೊಂದನ್ನು ಕರೆಯುವ ಮೊರೆ ಅದು ಎಂದು ತಜ್ಞರ ಊಹೆ. ಪುಟ್ಟ ವಿದ್ಯುದ್ದೀಪಗಳು ಆ ಮೊರೆಯನ್ನು ಅನುಕರಿಸಿದವು. 2012ರಲ್ಲಿ, ಜಪಾನಿನ ಒಗಸವಾರ ದ್ವೀಪಗಳ ಬಳಿ, ಆ ಸುಳ್ಳು ಬೆಳಕನ್ನರಸಿ ಕತ್ತಲಿನಿಂದ ಚಾಚಿಕೊಂಡು ಬಂದುದು ದೈತ್ಯ ಸ್ಕ್ವಿಡ್, ನಮ್ಮ ಕರಾವಳಿಯವರು ಬೊಂಡಾಸವೆನ್ನುವ ಪ್ರಾಣಿಯ ಮಹಾಬಂಧು. ಶತಮಾನಗಳ ಕಾಲ ನಾವಿಕರ ಕಟ್ಟುಕಥೆಯೆನಿಸಿದ್ದ ಜೀವಿ, ತನ್ನ ಆಳದಲ್ಲಿಯೇ, ಚಲಿಸುವ ಚಿತ್ರದಲ್ಲಿ ಮೊದಲು ಸೆರೆಯಾದುದು ಆ ಸಲವೇ.

ಬೀಬನ ಮೀನು ಮಾತ್ರ ಹಾಗೆ ಬರಲಿಲ್ಲ. ಅದನ್ನು ಮತ್ತೆ ಯಾರೂ ಕಂಡಿಲ್ಲ. ಬೀಬ್ 1962ರಲ್ಲಿ ತೀರಿಕೊಂಡ. ಉಳಿದಿರುವುದು ಅವನ ವರ್ಣನೆ. ಮತ್ತು ಆ ವರ್ಣನೆಯನ್ನೇ ಕೇಳಿ, ಅಷ್ಟು ಆಳಕ್ಕೆ ಎಂದೂ ಇಳಿಯದ ಎಲ್ಸ್ ಬೋಸ್ಟೆಲ್‌ಮನ್ ಎಂಬ ಕಲಾವಿದೆ ಬರೆದ ಒಂದು ಚಿತ್ರ. ಕಪ್ಪು ನೀರು, ತೆರೆದ ಬಾಯಿ, ಪಕ್ಕೆಗುಂಟ ದೀಪಗಳ ಸಾಲು.