ಕೋಲಾರ ಚಿನ್ನದ ಗಣಿಯ ವಿಶ್ವಕಿರಣ ಮತ್ತು ನ್ಯೂಟ್ರಿನೊ ಸಂಶೋಧನೆ

ಕೋಲಾರ ಚಿನ್ನದ ಗಣಿ ಪ್ರದೇಶದಲ್ಲಿ (ಕೆಜಿಎಫ್) 1951ರಿಂದ 1992ರವರೆಗೆ ಭೂಮಿಯ ಆಳದಲ್ಲಿ ನಡೆದ ವಿಶ್ವಕಿರಣ, ನ್ಯೂಟ್ರಿನೊ ಹಾಗೂ ಪ್ರೋಟಾನ್ ಕ್ಷಯ ಪ್ರಯೋಗಗಳ ಸರಣಿ. ನಡೆಸಿದ್ದು ಮುಖ್ಯವಾಗಿ ಮುಂಬೈಯ ಟಾಟಾ ಮೂಲಭೂತ ಸಂಶೋಧನ ಸಂಸ್ಥೆ (ಟಿಐಎಫ್ಆರ್). ಜೊತೆಗೂಡಿದ್ದು ಜಪಾನಿನ ಒಸಾಕಾ ನಗರ ವಿಶ್ವವಿದ್ಯಾಲಯ ಮತ್ತು ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯ. ಭೂಮಿಯ ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊಗಳ ಸುಳಿವು ಜಗತ್ತಿನಲ್ಲಿ ಮೊದಲು ಅಚ್ಚಾದದ್ದು ಇಲ್ಲಿಂದ, 1965ರಲ್ಲಿ. ದೂರದರ್ಶಕ, ಗುಮ್ಮಟ, ತಿಳಿಯಾದ ರಾತ್ರಿ ಯಾವುದೂ ಇಲ್ಲದೆ ಆಕಾಶವನ್ನು ಅಧ್ಯಯನ ಮಾಡಿದ ವೀಕ್ಷಣಾಲಯ ಇದು. ಕೆಜಿಎಫ್ ಎಂದೊಡನೆ ಈಗಿನವರಿಗೆ ನೆನಪಾಗುವ ಸಿನಿಮಾದಲ್ಲಿ ಈ ಅಧ್ಯಾಯಕ್ಕೆ ಜಾಗ ಸಿಕ್ಕಿಲ್ಲ. ಕೋಲಾರ ಜಿಲ್ಲೆಯ ಚರಿತ್ರೆ ಬರೆದವರೂ ಇದನ್ನು ಒಂದೆರಡು ಸಾಲಿನಲ್ಲಿ ಮುಗಿಸುವುದೇ ಹೆಚ್ಚು.

ಗಣಿ: ವಿಜ್ಞಾನಿಗಳು ಬರುವ ಹೊತ್ತಿಗೆ ಗಣಿಗೆ ಎಪ್ಪತ್ತು ವರ್ಷದ ಚರಿತ್ರೆಯಿತ್ತು. ಲಂಡನ್ನಿನ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ 1880ರಲ್ಲಿ ಇಲ್ಲಿ ಕೆಲಸ ಹಿಡಿಯಿತು. 1894ರಲ್ಲಿ ಬಂಗಾರಪೇಟೆಯಿಂದ, ಅಂದಿನ ಹೆಸರಿನಲ್ಲಿ ಬೌರಿಂಗ್‌ಪೇಟೆಯಿಂದ, ಉರಿಗಾಂ, ಚಾಂಪಿಯನ್ ಮೂಲಕ ಮಾರಿಕುಪ್ಪಂವರೆಗೆ ಕವಲು ರೈಲುಹಾದಿ ಬಂತು. 1902ರಲ್ಲಿ ಶಿವನಸಮುದ್ರದ ಜಲವಿದ್ಯುತ್ತು ತಲುಪಿತು. ರೈಲು ಮತ್ತು ವಿದ್ಯುತ್ತು ಎರಡೂ ಚಿನ್ನಕ್ಕಾಗಿ ಬಂದವು. ಅವುಗಳ ಲಾಭ ಮುಂದೆ ಭೌತವಿಜ್ಞಾನಕ್ಕೂ ಸಿಕ್ಕಿತು. ಚಿನ್ನದ ಪದರ ಇಳಿದ ಕಡೆಗೆಲ್ಲ ಶಾಫ್ಟುಗಳೂ ಇಳಿದು, ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಆಳಕ್ಕೆ ಹೋಯಿತು. ಆ ಕಾಲದಲ್ಲಿ ಇಷ್ಟು ಆಳಕ್ಕೆ ಮನುಷ್ಯ ಇಳಿದು ಕೆಲಸ ಮಾಡುತ್ತಿದ್ದ ಇನ್ನೊಂದು ಜಾಗವೆಂದರೆ ದಕ್ಷಿಣ ಆಫ್ರಿಕದ ಚಿನ್ನದ ಗಣಿಗಳು. ತಳದ ಬಂಡೆಯ ಬಿಸಿ 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿತ್ತು. ಒತ್ತಡಕ್ಕೆ ಬಂಡೆ ಸಿಡಿಯುವ ‘ರಾಕ್ ಬರ್ಸ್ಟ್’ ಇಲ್ಲಿನ ಕಾರ್ಮಿಕರ ಕುಟುಂಬಗಳಿಗೆ ತಲೆಮಾರುಗಳಿಂದ ಗೊತ್ತಿದ್ದ ಭಯ.

ಆಳ ಯಾಕೆ ಬೇಕು: ಬಾಹ್ಯಾಕಾಶದಿಂದ ಬರುವ ವಿಶ್ವಕಿರಣಗಳು, ಬಹುಪಾಲು ಪ್ರೋಟಾನುಗಳು, ವಾತಾವರಣದ ಮೇಲ್ಪದರದಲ್ಲಿ ಗಾಳಿಯ ಪರಮಾಣುಗಳಿಗೆ ಬಡಿದು ಹೊಸ ಕಣಗಳನ್ನು ಹುಟ್ಟಿಸುತ್ತವೆ. ಅವುಗಳಲ್ಲಿ ನೆಲದವರೆಗೆ ಬರುವವು ಮುಖ್ಯವಾಗಿ ಮ್ಯೂಆನುಗಳು. ಸಮುದ್ರಮಟ್ಟದಲ್ಲಿ ಚಾಚಿದ ಅಂಗೈಯ ಮೂಲಕ ಸೆಕೆಂಡಿಗೆ ಒಂದೆರಡು ಮ್ಯೂಆನುಗಳು ಹಾದುಹೋಗುತ್ತವೆ. ಹೆಚ್ಚು ಶಕ್ತಿಯದು ಬಂಡೆಯೊಳಗೆ ಹೆಚ್ಚು ಆಳಕ್ಕೆ ಇಳಿಯುತ್ತದೆ. ಹೀಗಾಗಿ ಬೇರೆಬೇರೆ ಆಳದಲ್ಲಿ ಮ್ಯೂಆನುಗಳನ್ನು ಎಣಿಸಿದರೆ, ಅವನ್ನು ಹುಟ್ಟಿಸಿದ ವಿಶ್ವಕಿರಣಗಳ ಶಕ್ತಿಯ ಹಂಚಿಕೆ ತಿಳಿಯುತ್ತದೆ. ಕೋಲಾರದ ಶಿಲೆ ಇದಕ್ಕೆ ಒಪ್ಪುವಂಥದು. ಅದರ ಸಾಂದ್ರತೆ ನೀರಿನ ಮೂರು ಪಟ್ಟಿನಷ್ಟಿರುವುದರಿಂದ 2.3 ಕಿಲೋಮೀಟರ್ ಬಂಡೆಯ ಕೆಳಗಿರುವುದು ಏಳು ಕಿಲೋಮೀಟರ್ ನೀರಿನ ಕೆಳಗಿದ್ದಂತೆ.

ಆರಂಭ: ವಿಶ್ವಕಿರಣಗಳ ಅಧ್ಯಯನಕ್ಕೆ ಬೆಂಗಳೂರು ಆಗಲೇ ಹೊಸದಲ್ಲ. ಎರಡನೆಯ ಮಹಾಯುದ್ಧ ಆರಂಭವಾದ ದಿನಗಳಲ್ಲಿ ಅಮೆರಿಕದ ರಾಬರ್ಟ್ ಮಿಲಿಕನ್ ತಂಡ ಇಲ್ಲಿಂದ ಬಲೂನುಗಳನ್ನು ಹಾರಿಸಿ ಕಿರಣಗಳನ್ನು ಅಳೆದಿತ್ತು. ಯುದ್ಧದಿಂದಾಗಿ ಕೇಂಬ್ರಿಜ್‌ಗೆ ಮರಳಲಾಗದ ಹೋಮಿ ಭಾಭಾ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ವಿಶ್ವಕಿರಣ ವಿಭಾಗ ಕಟ್ಟಿದರು. 1945ರಲ್ಲಿ ಟಿಐಎಫ್ಆರ್ ಕಣ್ಣುಬಿಟ್ಟದ್ದೂ ಅದೇ ಆವರಣದಲ್ಲಿ, ಆಮೇಲೆ ಅದು ಮುಂಬೈಗೆ ಹೋಯಿತು. ಬಲೂನು ಎತ್ತರಕ್ಕೆ, ಗಣಿ ಆಳಕ್ಕೆ: ಎರಡೂ ತುದಿ ದಕ್ಷಿಣ ಭಾರತದಲ್ಲೇ ಕೈಗೆಟುಕುವಂತಿವೆ ಎನ್ನುವುದು ಭಾಭಾ ಲೆಕ್ಕಾಚಾರ. ಹೊಸದಾಗಿ ಸ್ವತಂತ್ರವಾದ, ಕೈಯಲ್ಲಿ ಹಣವಿಲ್ಲದ ದೇಶಕ್ಕೆ ಇದಕ್ಕಿಂತ ಜಾಣತನದ ಲೆಕ್ಕ ಇರಲಿಲ್ಲ. ಕಣವೇಗವರ್ಧಕ ಕಟ್ಟಲು ಕೋಟಿಗಟ್ಟಲೆ ಬೇಕು. ವಿಶ್ವಕಿರಣ ಪುಕ್ಕಟೆ ಬರುತ್ತದೆ, ಗಣಿಯನ್ನು ಬೇರೆಯವರು ತೋಡಿಟ್ಟಿದ್ದಾರೆ.

ಭಾಭಾ ಈ ಕೆಲಸ ವಹಿಸಿದ್ದು ಬಿ.ವಿ. ಶ್ರೀಕಂಠನ್ ಎಂಬ ತರುಣನಿಗೆ. ನಂಜನಗೂಡಿನಲ್ಲಿ 1925ರಲ್ಲಿ ಹುಟ್ಟಿ, ಮೈಸೂರು ವಿಶ್ವವಿದ್ಯಾಲಯದಲ್ಲಿ ಓದಿ, 1948ರಲ್ಲಿ ಟಿಐಎಫ್ಆರ್ ಸೇರಿದ್ದ ಶ್ರೀಕಂಠನ್ 1951ರಲ್ಲಿ ಗೈಗರ್ ಕೌಂಟರುಗಳ ಜೋಡಣೆಯೊಂದಿಗೆ ಗಣಿಗೆ ಇಳಿದರು. ಆಗಿನ ಅಳತೆ ಸುಮಾರು 300 ಮೀಟರ್ ಆಳದವರೆಗಿನದು. ಅದೇ ಅವರ ಪಿಎಚ್.ಡಿ. ಪ್ರಬಂಧಕ್ಕೆ ಆಧಾರವಾಯಿತು. ಮುಂದೆ ಅವರು 1975ರಿಂದ 1987ರವರೆಗೆ ಟಿಐಎಫ್ಆರ್ ನಿರ್ದೇಶಕರಾಗಿದ್ದು, 2019ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು. ಕೋಲಾರದ ಪ್ರಯೋಗಗಳ ಜೊತೆ ಹೆಸರು ಸೇರಿರುವ ಮತ್ತೊಬ್ಬರು ಬಿಭಾ ಚೌಧುರಿ, ವಿಶ್ವಕಿರಣ ಸಂಶೋಧನೆಯಲ್ಲಿ ಹೆಸರಾದ ಭಾರತದ ಮೊದಮೊದಲ ಮಹಿಳಾ ಭೌತವಿಜ್ಞಾನಿಗಳಲ್ಲಿ ಒಬ್ಬರು.

ಮೌನದ ಅಳತೆ: 1960ರ ದಶಕದ ಮೊದಲ ವರ್ಷಗಳಲ್ಲಿ ಒಸಾಕಾದಿಂದ ಬಂದ ಎಸ್. ಮಿಯಾಕೆ ಅವರು ಟಿಐಎಫ್ಆರ್‌ನ ವಿ.ಎಸ್. ನರಸಿಂಹಂ ಮತ್ತು ಪಿ.ವಿ. ರಮಣಮೂರ್ತಿ ಅವರೊಡನೆ ಚಾಂಪಿಯನ್ ರೀಫ್ ಗಣಿಯಲ್ಲಿ ಹಂತಹಂತವಾಗಿ ಕೆಳಗಿಳಿಯುತ್ತ ಮ್ಯೂಆನುಗಳನ್ನು ಎಣಿಸಿದರು. ಆಳ ಹೆಚ್ಚಿದಂತೆ ಎಣಿಕೆ ಕುಸಿಯುತ್ತ ಹೋಗಿ, 2,760 ಮೀಟರ್ ಆಳದಲ್ಲಿ ಉಪಕರಣವನ್ನು ಸುಮಾರು ಎರಡು ತಿಂಗಳು ಚಾಲೂ ಇಟ್ಟರೂ ಒಂದೇ ಒಂದು ಮ್ಯೂಆನ್ ಬೀಳಲಿಲ್ಲ. ಕೋಲಾರದ ಎಲ್ಲ ಫಲಿತಾಂಶಗಳಲ್ಲಿ ಅತ್ಯಂತ ಬೆಲೆಯುಳ್ಳದ್ದು ಈ ಸೊನ್ನೆಯೇ ಎಂದರೆ ತಪ್ಪಾಗಲಾರದು. ಇಲ್ಲಿ ಪಡೆದ ಆಳ–ತೀವ್ರತೆಯ ರೇಖೆಯನ್ನು ಆಮೇಲೆ ಜಗತ್ತಿನ ಭೂಗತ ಪ್ರಯೋಗಾಲಯಗಳು ದಶಕಗಳ ಕಾಲ ಬಳಸಿಕೊಂಡವು. ಅದಕ್ಕಿಂತ ಮುಖ್ಯವಾಗಿ, ಸೊನ್ನೆ ಒಂದು ಹೊಸ ಪ್ರಶ್ನೆಗೆ ದಾರಿ ಮಾಡಿತು. ಮೇಲಿನಿಂದ ಏನೂ ಬರದಷ್ಟು ಆಳದಲ್ಲಿ ಯಾವುದಾದರೂ ಕಣ ಕಂಡರೆ ಅದು ಎಲ್ಲಿಂದ ಬಂದದ್ದಾಗಿರಬೇಕು?

1965ರ ನ್ಯೂಟ್ರಿನೊ: ಉತ್ತರವನ್ನು ಸೋವಿಯತ್ ಒಕ್ಕೂಟದ ಎಂ.ಎ. ಮಾರ್ಕೊವ್ ಮತ್ತು ಅಮೆರಿಕದ ಕೆನೆತ್ ಗ್ರೈಸೆನ್ 1960ರ ಹೊತ್ತಿಗೇ ಸೂಚಿಸಿದ್ದರು. ವಾತಾವರಣದಲ್ಲಿ ಮ್ಯೂಆನುಗಳ ಜೊತೆ ನ್ಯೂಟ್ರಿನೊಗಳೂ ಹುಟ್ಟುತ್ತವೆ. ಅವು ಇಡೀ ಭೂಮಿಯನ್ನೇ ತೂರಿಹೋಗಬಲ್ಲವು. ಲಕ್ಷಕೋಟಿಗೊಂದು ಎಂಬಂತೆ ಎಲ್ಲೋ ಒಂದು ಬಂಡೆಯ ಪರಮಾಣುವಿಗೆ ತಗುಲಿ ಮ್ಯೂಆನ್ ಹುಟ್ಟಿಸುತ್ತದೆ. ಮೇಲಿನ ಮ್ಯೂಆನುಗಳು ನೆತ್ತಿಯ ಕಡೆಯಿಂದಷ್ಟೇ ಬರಬಲ್ಲವು, ಓರೆಯಾಗಿ ಬಂದರೆ ದಾಟಬೇಕಾದ ಬಂಡೆಯ ದಪ್ಪವೇ ಅವನ್ನು ಮುಗಿಸಿಬಿಡುತ್ತದೆ. ನ್ಯೂಟ್ರಿನೊಗಳಿಗೆ ಆ ಹಂಗಿಲ್ಲ. ಆದ್ದರಿಂದ ಅಡ್ಡಡ್ಡ ಬಂದ ಮ್ಯೂಆನ್ ಸಿಕ್ಕರೆ ಅದರ ಹಿಂದೆ ನ್ಯೂಟ್ರಿನೊ ಇದೆ ಎಂದೇ ತಿಳಿಯಬೇಕು.

ಟಿಐಎಫ್ಆರ್, ಒಸಾಕಾ, ಡರ್ಹಮ್ ಮೂರೂ ಸೇರಿ ಚಾಂಪಿಯನ್ ರೀಫ್ ಗಣಿಯ ಹೀತ್‌ಕೋಟ್ ಶಾಫ್ಟಿನ ಬಳಿ, 7,500 ಅಡಿ ಆಳದಲ್ಲಿ, ಪ್ರಯೋಗ ಹೂಡಿದವು. ಎದುರುಬದುರಾಗಿ ಗೋಡೆಯಂತೆ ನಿಲ್ಲಿಸಿದ, ಕಣ ಹಾದರೆ ಬೆಳಕು ಚೆಲ್ಲುವ ಸಿಂಟಿಲೇಟರ್ ಫಲಕಗಳು, ನಡುವೆ ಸೀಸದ ಪದರಗಳು ಮತ್ತು ಕಣ ಹಾದ ಕಡೆ ಮಿನುಗುವ ನಿಯಾನ್ ನಳಿಗೆಗಳ ಸಾಲು. ಎರಡೂ ಗೋಡೆಗಳು ಒಟ್ಟಿಗೆ ಕಣವನ್ನು ಕಂಡರೆ ನಳಿಗೆಗಳ ಮಿನುಗು ಫೋಟೋ ಆಗುತ್ತದೆ, ಕಣದ ದಾರಿ ಸಿಗುತ್ತದೆ. ಇದೆಲ್ಲವೂ ಕಾರ್ಮಿಕರನ್ನು ಇಳಿಸುವ ಕೇಜುಗಳಲ್ಲೇ ಕೆಳಗೆ ಹೋಗಬೇಕು. ಶಾಫ್ಟಿಗೆ ಹಿಡಿಸದ್ದನ್ನು ಮೇಲೆ ವಿನ್ಯಾಸ ಮಾಡಿ ಪ್ರಯೋಜನವಿಲ್ಲ.

ಅದೇ ವೇಳೆಗೆ ಜೊಹಾನ್ಸ್‌ಬರ್ಗ್ ಬಳಿಯ ಈಸ್ಟ್ ರ್ಯಾಂಡ್ ಗಣಿಯಲ್ಲಿ ಫ್ರೆಡರಿಕ್ ರೈನ್ಸ್ ತಂಡವೂ ಇದೇ ಬೇಟೆಗೆ ಇಳಿದಿತ್ತು. ನ್ಯೂಟ್ರಿನೊವನ್ನು ಪರಮಾಣು ಸ್ಥಾವರದ ಪಕ್ಕ 1956ರಲ್ಲಿ ಮೊದಲು ಹಿಡಿದವರಲ್ಲಿ ಒಬ್ಬರು ಈ ರೈನ್ಸ್. ಯಾರು ಮೊದಲು ಎನ್ನುವುದು ನಮ್ಮಲ್ಲಿ ಆಗಾಗ ಅರ್ಧ ಹೇಳಿ ಬಿಡುವ ಸಂಗತಿ, ಆದ್ದರಿಂದ ಪೂರ್ತಿ ಹೇಳಬೇಕು. ಕೋಲಾರದ ಲೇಖನ ‘ಫಿಸಿಕ್ಸ್ ಲೆಟರ್ಸ್’ ಪತ್ರಿಕೆಯಲ್ಲಿ 1965ರ ಆಗಸ್ಟ್ 15ರಂದು ಪ್ರಕಟವಾಯಿತು. ರೈನ್ಸ್ ತಂಡದ್ದು ‘ಫಿಸಿಕಲ್ ರಿವ್ಯೂ ಲೆಟರ್ಸ್’ನಲ್ಲಿ ಆಗಸ್ಟ್ 30ರಂದು. ಆದರೆ ರೈನ್ಸ್ ಉಪಕರಣದಲ್ಲಿ ಮೊದಲ ಘಟನೆ ದಾಖಲಾದದ್ದು ಫೆಬ್ರವರಿ 23ರಂದು, ಕೋಲಾರದ ಘಟನೆಗಳಿಗಿಂತ ಮುಂಚೆ. ಅಚ್ಚಿನಲ್ಲಿ ಕೋಲಾರ ಮುಂದು, ಹಿಡಿದದ್ದರಲ್ಲಿ ದಕ್ಷಿಣ ಆಫ್ರಿಕ ಮುಂದು. ಇಬ್ಬರ ಕೈಯಲ್ಲೂ ಇದ್ದದ್ದು ಬೆರಳೆಣಿಕೆಯ ಘಟನೆಗಳು. ಕೋಲಾರದ ಲೇಖನಕ್ಕೆ ಸಹಿ ಹಾಕಿದವರಲ್ಲಿ ಸಿ.ವಿ. ಆಚಾರ್, ಮಂಗಳೂರಿನಲ್ಲಿ ಹುಟ್ಟಿದ ಎಂ.ಜಿ.ಕೆ. ಮೆನನ್, ನರಸಿಂಹಂ, ರಮಣಮೂರ್ತಿ, ಶ್ರೀಕಂಠನ್, ಮಿಯಾಕೆ ಮತ್ತು ಮುಂದೆ ಬ್ರಿಟನ್ನಿನ ರಾಜಖಗೋಳಜ್ಞರಾದ ಆರ್ನಲ್ಡ್ ವುಲ್ಫೆಂಡೇಲ್ ಇದ್ದರು. ವಾತಾವರಣದ ನ್ಯೂಟ್ರಿನೊಗಳನ್ನು ಸಾವಿರಗಟ್ಟಲೆ ಹಿಡಿದು, ಅವು ದಾರಿಯಲ್ಲಿ ಬಗೆ ಬದಲಿಸುತ್ತವೆ, ಹಾಗಾಗಿ ಅವಕ್ಕೆ ದ್ರವ್ಯರಾಶಿ ಇದೆ ಎಂದು ಜಪಾನಿನ ಸೂಪರ್ ಕಾಮಿಯೊಕಾಂಡೆ 1998ರಲ್ಲಿ ತೋರಿಸಿತು. ತಕಾಕಿ ಕಾಜಿತಾ ಅವರಿಗೆ 2015ರ ನೊಬೆಲ್ ಬಂದದ್ದು ಇದಕ್ಕಾಗಿ.

ಕೋಲಾರ ಘಟನೆಗಳು: 1975ರಲ್ಲಿ ಕೋಲಾರ ತಂಡದ ಎಂ.ಆರ್. ಕೃಷ್ಣಸ್ವಾಮಿ ಮತ್ತು ಸಂಗಡಿಗರು ಉಪಕರಣದಲ್ಲಿ ದಾಖಲಾದ ವಿಚಿತ್ರವಾದ ಕೆಲವು ಚಿತ್ರಗಳನ್ನು ಪ್ರಕಟಿಸಿದರು. ಅವುಗಳಲ್ಲಿ ಒಂದಕ್ಕಿಂತ ಹೆಚ್ಚು ಕಣಗಳ ಜಾಡುಗಳನ್ನು ಹಿಂದಕ್ಕೆ ಎಳೆದರೆ ಅವು ಕೂಡುವ ಬಿಂದು ಬಂಡೆಯೊಳಗಿರದೆ, ಬಂಡೆಗೂ ಉಪಕರಣಕ್ಕೂ ನಡುವಿನ ಬರಿ ಗಾಳಿಯಲ್ಲಿತ್ತು. ಗಾಳಿಯಲ್ಲಿ ನ್ಯೂಟ್ರಿನೊ ಡಿಕ್ಕಿ ಹೊಡೆಯುವುದು ಬಹುಮಟ್ಟಿಗೆ ಅಸಂಭವ. ಹಾಗಾದರೆ ಬಂಡೆಯಲ್ಲಿ ಹುಟ್ಟಿದ, ಅದುವರೆಗೆ ಗೊತ್ತಿಲ್ಲದ ಭಾರದ ಕಣವೊಂದು ಹೊರಬಂದು ಗಾಳಿಯಲ್ಲಿ ಒಡೆದಿರಬೇಕು ಎಂದು ತಂಡ ವಾದಿಸಿತು. ಯುರೋಪು ಮತ್ತು ಅಮೆರಿಕದ ವೇಗವರ್ಧಕಗಳಲ್ಲಿ ಹುಡುಕಿದರೂ ಅಂಥ ಕಣ ಸಿಗಲಿಲ್ಲ. 2014ರಲ್ಲಿ ಎಂ.ವಿ.ಎನ್. ಮೂರ್ತಿ ಮತ್ತು ಜಿ. ರಾಜಶೇಖರನ್, ಇವು ಕಪ್ಪುದ್ರವ್ಯದ ಕಣಗಳ ಕ್ಷಯವಾಗಿರಬಹುದೇ ಎಂದು ‘ಪ್ರಮಾಣ’ ಪತ್ರಿಕೆಯಲ್ಲಿ ಮತ್ತೆ ಪ್ರಶ್ನೆ ಎತ್ತಿದರು. ಘಟನೆಗಳ ಸಂಖ್ಯೆ ತೀರ ಕಡಿಮೆ. ಅಷ್ಟರ ಮೇಲೆ ತೀರ್ಪು ಕೊಡಲಾಗದು.

ಪ್ರೋಟಾನ್ ಕ್ಷಯ: ಪ್ರೋಟಾನ್ ಎಂದೆಂದಿಗೂ ಬಾಳುವುದಿಲ್ಲ ಎಂಬ ಸೂಚನೆ ಪ್ರಕೃತಿಯ ಮೂಲಬಲಗಳನ್ನು ಒಂದುಗೂಡಿಸುವ 1970ರ ದಶಕದ ಏಕೀಕರಣ ಸಿದ್ಧಾಂತಗಳಿಂದ ಬಂತು, ಅವನ್ನು ಮಂಡಿಸಿದವರಲ್ಲಿ ಒಡಿಶಾ ಮೂಲದ ಜೋಗೇಶ್ ಪತಿ ಒಬ್ಬರು. ಇದನ್ನು ಪರೀಕ್ಷಿಸಲೆಂದೇ 140 ಟನ್ ತೂಕದ ಉಪಕರಣ 1980ರ ಕೊನೆಯಲ್ಲಿ 2.3 ಕಿಲೋಮೀಟರ್ ಆಳದಲ್ಲಿ ಕೆಲಸ ಆರಂಭಿಸಿತು. ಕಬ್ಬಿಣದ ತಗಡು, ಅದರ ಮೇಲೆ ಚೌಕ ಕೊಳವೆಯ ಕೌಂಟರುಗಳು, ಮತ್ತೆ ತಗಡು: ಹೀಗೆ 34 ಪದರ, ಸುಮಾರು 1,600 ಕೌಂಟರುಗಳು. ಈ ಕೆಲಸಕ್ಕೇ ಮೀಸಲಾಗಿ ಕಟ್ಟಿದ ಉಪಕರಣಗಳಲ್ಲಿ ಜಗತ್ತಿನಲ್ಲೇ ಮೊದಲು ಚಾಲೂ ಆದದ್ದು ಇದು. 1981ರಲ್ಲಿ ತಂಡವು ಪ್ರೋಟಾನ್ ಕ್ಷಯ ಇರಬಹುದಾದ ಘಟನೆಗಳನ್ನು ಪ್ರಕಟಿಸಿದಾಗ ದೊಡ್ಡ ಸುದ್ದಿಯಾಯಿತು. 1985ರಲ್ಲಿ 260 ಟನ್ನಿನ ಎರಡನೆಯ ಉಪಕರಣ ಸುಮಾರು 2 ಕಿಲೋಮೀಟರ್ ಆಳದಲ್ಲಿ ಜೊತೆಗೂಡಿತು. ಅಷ್ಟರಲ್ಲಿ ಅಮೆರಿಕದ ಉಪ್ಪಿನ ಗಣಿಯೊಂದರಲ್ಲಿ ಮತ್ತು ಜಪಾನಿನ ಕಾಮಿಯೊಕಾದಲ್ಲಿ ಸಾವಿರಾರು ಟನ್ ನೀರಿನ ಉಪಕರಣಗಳು ಎದ್ದಿದ್ದವು. ಅವಕ್ಕೆ ಪ್ರೋಟಾನ್ ಕ್ಷಯ ಕಾಣಲಿಲ್ಲ, ಇಂದಿಗೂ ಕಂಡಿಲ್ಲ. ಕೋಲಾರ ತಂಡ 1981ರಲ್ಲಿ ಪ್ರಕಟಿಸಿದ ಆ ಘಟನೆಗಳನ್ನು ನ್ಯೂಟ್ರಿನೊಗಳ ಕೈವಾಡವೆಂದು ಈಗ ಬಹುತೇಕರು ಎಣಿಸುತ್ತಾರೆ. ಕೋಲಾರ ತಂಡ ಮೊದಲು ಹೊರಟು ಹಿಂದೆ ಬಿದ್ದದ್ದಕ್ಕೆ ಕಾರಣ ತೂಕ. ಪ್ರೋಟಾನುಗಳ ಸಂಖ್ಯೆ ಹೆಚ್ಚಿದ್ದವರಿಗೇ ಗೆಲುವು ಎಂಬ ಆಟ ಅದು.

ನೆಲದ ಮೇಲೆ: ಗಣಿ ಪ್ರದೇಶದಲ್ಲಿ ವಿಶ್ವಕಿರಣಗಳ ಕಣಮಳೆಯನ್ನು ಹಿಡಿಯುವ ಉಪಕರಣಗಳನ್ನು ನೆಲದ ಮೇಲೂ ಹರಡಿಡಲಾಗಿತ್ತು, 1980ರ ದಶಕದಲ್ಲಿ ಆಕಾಶದಲ್ಲಿ ಸಿಗ್ನಸ್ ಎಕ್ಸ್–3ರಂಥ ಎಕ್ಸ್–ಕಿರಣ ಆಕರಗಳಿಂದ ಅತ್ಯಧಿಕ ಶಕ್ತಿಯ ಗಾಮಾ ಕಿರಣ ಬರುತ್ತದೆಯೇ ಎಂದು ಹುಡುಕಲಾಯಿತು. ಅವಿಭಜಿತ ಕೋಲಾರ ಜಿಲ್ಲೆಯ ಇನ್ನೊಂದು ತುದಿಯಾದ ಗೌರಿಬಿದನೂರಿನಲ್ಲಿ ಭಾರತೀಯ ಖಭೌತ ಸಂಸ್ಥೆ ಮತ್ತು ರಾಮನ್ ಸಂಶೋಧನ ಸಂಸ್ಥೆಗಳು 34.5 ಮೆಗಾಹರ್ಟ್ಸ್‌ನ ರೇಡಿಯೊ ದೂರದರ್ಶಕವನ್ನು 1976ರ ಸುಮಾರಿಗೆ ಕಟ್ಟಿದ್ದವು. ಒಂದೇ ಜಿಲ್ಲೆಯಲ್ಲಿ ಆಕಾಶದ ಇಷ್ಟು ಬೇರೆಬೇರೆ ಅಧ್ಯಯನಗಳು ನಡೆದದ್ದು ದೇಶದಲ್ಲೇ ಅಪರೂಪ.

ಕೊನೆ: ಚಿನ್ನದ ಇಳುವರಿ ಬಿದ್ದು, ಆಳದ ಮಟ್ಟಗಳನ್ನು ನಡೆಸುವುದು ಗಿಟ್ಟದಂತಾಯಿತು. ಪಂಪು, ತಂಪುಗಾಳಿ, ಕೇಜು ಎಲ್ಲವೂ ಗಣಿಯದಾಗಿದ್ದುದರಿಂದ ವಿಜ್ಞಾನಿಗಳಿಗೆ ತಾವಾಗಿ ಉಳಿಯುವ ದಾರಿ ಇರಲಿಲ್ಲ. 1992ರಲ್ಲಿ ಪ್ರಯೋಗಗಳು ನಿಂತವು. 2001ರ ಫೆಬ್ರವರಿ 28ರಂದು ಗಣಿ ನಡೆಸುತ್ತಿದ್ದ ಭಾರತ್ ಗೋಲ್ಡ್ ಮೈನ್ಸ್ ಕಂಪನಿ ಗಣಿಯನ್ನೇ ಮುಚ್ಚಿತು. ಪಂಪುಗಳು ನಿಂತ ಮೇಲೆ ಶಾಫ್ಟುಗಳಲ್ಲಿ ನೀರು ತುಂಬಿತು. ಸಾವಿರಾರು ಕುಟುಂಬಗಳ ಅನ್ನ ಹೋದ ಆ ದಿನದ ಮುಂದೆ ಪ್ರಯೋಗಾಲಯದ ನಷ್ಟ ಸಣ್ಣದೇ. ಆದರೆ ಒಮ್ಮೆ ನೀರಿಗೆ ಬಿಟ್ಟ ಆ ಆಳವನ್ನು ವಿಜ್ಞಾನಕ್ಕಾಗಿ ಮತ್ತೆ ಪಡೆಯುವುದು ಸುಲಭವಲ್ಲ, ಒಂದೆರಡು ಮಟ್ಟಗಳನ್ನಾದರೂ ಉಳಿಸಿಕೊಳ್ಳಬೇಕಿತ್ತು ಎಂಬ ಮಾತಿನಲ್ಲಿ ಹುರುಳಿದೆ.

ಕೋಲಾರದಲ್ಲಿ ದುಡಿದ ನಬ ಕೆ. ಮಂಡಲ್ ಮುಂತಾದವರು ರೂಪಿಸಿದ ಭಾರತೀಯ ನ್ಯೂಟ್ರಿನೊ ವೀಕ್ಷಣಾಲಯದ ಯೋಜನೆ, 50,000 ಟನ್ ಕಾಂತೀಯ ಕಬ್ಬಿಣದ ಉಪಕರಣದೊಂದಿಗೆ, ತಮಿಳುನಾಡಿನ ತೇಣಿ ಜಿಲ್ಲೆಯ ಬೆಟ್ಟವೊಂದರ ಕೆಳಗೆ ಏಳಬೇಕಿತ್ತು. ಕೇಂದ್ರ ಸಂಪುಟ 2015ರಲ್ಲಿ ಒಪ್ಪಿಗೆ ಕೊಟ್ಟರೂ ಸ್ಥಳೀಯರ ಮತ್ತು ರಾಜ್ಯ ಸರ್ಕಾರದ ವಿರೋಧದಿಂದ ಅದು ನಿಂತುಹೋಗಿದೆ. ಈ ನಡುವೆ 2017ರಲ್ಲಿ ಜಾರ್ಖಂಡಿನ ಜಾದುಗುಡದ ಯುರೇನಿಯಂ ಗಣಿಯಲ್ಲಿ ಹೊಸ ಭೂಗತ ಪ್ರಯೋಗಾಲಯ ತೆರೆಯಿತು. ಅದರ ಆಳ ಸುಮಾರು 550 ಮೀಟರ್, 1965ರಲ್ಲಿ ಚಾಂಪಿಯನ್ ರೀಫ್‌ನಲ್ಲಿ ನ್ಯೂಟ್ರಿನೊ ಹಿಡಿದ ಆಳದ ಕಾಲು ಭಾಗಕ್ಕಿಂತ ಕಡಿಮೆ.